ಹಾರ್ನೆಸ್ ಹಾಕಿದ ಮೇಲೂ ಕುತ್ತಿಗೆ ನೋವು ಹೋಗಿಲ್ಲ, ಯಾಕೆ?

ಪ್ರಶ್ನೆ: ನನಗೆ 54 ವರ್ಷ. ಆರು ವರ್ಷದಿಂದ ಹಕ್ಕಿ ನೋಡುವ ಹವ್ಯಾಸ. ನನ್ನದು 10×42 ಬೈನಾಕ್ಯುಲರ್ (10 ಪಟ್ಟು ದೊಡ್ಡದು ಮಾಡುತ್ತದೆ, ಮುಂದಿನ ಲೆನ್ಸ್ 42 ಮಿ.ಮೀ. ಅಗಲ), ತೂಕ 720 ಗ್ರಾಂ. ಕೊರಳಿಗೆ ಹಾಕುವ ಪಟ್ಟಿಯಿಂದ ಕುತ್ತಿಗೆ ನೋವು ಬಂತು ಅಂತ ಹೋದ ವರ್ಷ ಎರಡು ಹೆಗಲಿಗೂ ಹಾಕಿಕೊಳ್ಳುವ ಎಲಾಸ್ಟಿಕ್ ಪಟ್ಟಿ, ಅಂದರೆ ಹಾರ್ನೆಸ್, ತಗೊಂಡೆ. ಮೊದಮೊದಲು ಹಾಯೆನಿಸಿತ್ತು. ಈಗ ಎರಡು ಗಂಟೆ ಓಡಾಡಿದರೆ ಮತ್ತೆ ಅದೇ ಕುತ್ತಿಗೆ ನೋವು, ಜೊತೆಗೆ ಎಡಗೈ ಬೆರಳು ಜೋಮು ಹಿಡಿಯುತ್ತದೆ. ನಡೆಯುವಾಗ ಬೈನಾಕ್ಯುಲರ್ ಹೊಟ್ಟೆಗೆ ಬಡಿಯುತ್ತದೆ. ಗೆಳೆಯರು "ಇನ್ನೂ ಬಿಗಿ ಮಾಡು" ಅಂದರು. ಬಿಗಿ ಮಾಡಿದರೆ ಜೋಮು ಜಾಸ್ತಿಯಾಯಿತು. ಪಟ್ಟಿ ಬೆವರು ವಾಸನೆ ಹೊಡೆಯುತ್ತಿದೆ. ತೊಳೆದರೆ ಎಲಾಸ್ಟಿಕ್ ಹಾಳಾಗುತ್ತದೆ ಅನ್ನುತ್ತಾರೆ, ಅದಕ್ಕೇ ತೊಳೆದಿಲ್ಲ. ಬೆನ್ನಿಗೆ ಯಾವಾಗಲೂ ಒಂದು ಬ್ಯಾಗ್ ಇರುತ್ತದೆ. ಬೇರೆ ಹಾರ್ನೆಸ್ ತಗೊಳ್ಳಲಾ, ಹಳೆ ಪಟ್ಟಿಗೇ ವಾಪಸ್ ಹೋಗಲಾ?

ಉತ್ತರ: ಸದ್ಯಕ್ಕೆ ಎರಡೂ ಬೇಡ. ನಿಮ್ಮ ಪತ್ರದಲ್ಲಿ ನಾಲ್ಕು ತೊಂದರೆಗಳಿವೆ. ಕುತ್ತಿಗೆ ನೋವು, ಬೆರಳಿನ ಜೋಮು, ಹೊಟ್ಟೆಗೆ ಬಡಿಯುವುದು, ಬೆವರು ವಾಸನೆ. ನೋಡಲು ಬೇರೆ ಬೇರೆ ಅನಿಸಿದರೂ ನಾಲ್ಕರ ಬೇರೂ ಬಹುಶಃ ಒಂದೇ ಕಡೆ ಇದೆ: ಎಲಾಸ್ಟಿಕ್ ತೊಳೆಯದೆ ಸೋತಿದೆ, ಅದನ್ನು ತಪ್ಪು ಜಾಗದಲ್ಲಿ ಬಿಗಿ ಮಾಡಲಾಗಿದೆ. ಬೈನಾಕ್ಯುಲರ್ ರಿಪೇರಿ ನನ್ನ ಕೆಲಸ, ಹೊಸಬರನ್ನು ಹಕ್ಕಿ ನೋಡಲು ಕರೆದುಕೊಂಡೂ ಹೋಗುತ್ತೇನೆ. ಹಾರ್ನೆಸ್ ತಗೊಂಡು ಒಂದು ವರ್ಷ ಆದವರಿಂದ ನಾನು ಜಾಸ್ತಿ ಕೇಳುವ ದೂರು ಇದೇ.

ಮೊದಲು ಜೋಮಿನ ವಿಷಯ, ಯಾಕೆಂದರೆ ಉಳಿದ ಮೂರು ಕಾಯಬಹುದು, ಇದು ಕಾಯುವುದಿಲ್ಲ. ಕೈಗೆ ಹೋಗುವ ನರಗಳು ಕುತ್ತಿಗೆಯಿಂದ ಹೊರಟು, ಕೊರಳಮೂಳೆಯ ಕೆಳಗೆ ನುಸುಳಿ, ಕಂಕುಳಿನ ಮೂಲಕ ಕೈಗೆ ಇಳಿಯುತ್ತವೆ. ಹಾರ್ನೆಸ್ಸಿನ ಪಟ್ಟಿ ಹಾದುಹೋಗುವುದೂ ಅದೇ ದಾರಿಯಲ್ಲಿ. ಅದರ ಮೇಲೆ ನಿಮ್ಮ ಬ್ಯಾಗಿನ ಪಟ್ಟಿಯೂ ಕೂತಿದೆ. ಒಂದರ ಮೇಲೊಂದು ಎರಡು ಪಟ್ಟಿ, ಮೇಲಿನದು ಭಾರ, ಕೆಳಗಿನದು ಬಿಗಿ. ಭಾರದ ಬ್ಯಾಗಿನ ಪಟ್ಟಿ ಹೀಗೆ ನರ ಒತ್ತಿ ಕೈ ಸೋಲುವುದಕ್ಕೆ ವೈದ್ಯರು ರಕ್‌ಸ್ಯಾಕ್ ಪಾಲ್ಸಿ ಎಂದು ಹೆಸರನ್ನೇ ಇಟ್ಟಿದ್ದಾರೆ. ನಿಮ್ಮದು ಅಷ್ಟಕ್ಕೆ ಹೋಗಿದೆ ಅಂತ ನಾನು ಹೇಳುತ್ತಿಲ್ಲ. ಆದರೆ ಇವತ್ತೇ ಕಂಕುಳ ಕೆಳಗಿನ ಪಟ್ಟಿ ಸಡಿಲ ಮಾಡಿ. ಹಾರ್ನೆಸ್ ಬಿಚ್ಚಿದ ಮೇಲೂ ಜೋಮು ಉಳಿದರೆ, ರಾತ್ರಿ ಮಲಗಿದಾಗ ಬಂದರೆ, ಲೋಟ ಹಿಡಿದರೆ ಜಾರುವ ಹಾಗೆ ಹಿಡಿತ ಕಡಿಮೆಯಾದರೆ ವೈದ್ಯರಿಗೆ ತೋರಿಸಿ. ಕುತ್ತಿಗೆಯ ಮೂಳೆಯಿಂದಲೂ ಬೆರಳು ಜೋಮು ಹಿಡಿಯಬಹುದು. ಅದನ್ನು ಪಟ್ಟಿ ಸರಿಮಾಡಿ ಗುಣ ಮಾಡಲು ಆಗುವುದಿಲ್ಲ.

ಇನ್ನು ಕುತ್ತಿಗೆ ನೋವು. ಹಾರ್ನೆಸ್ ಹಾಕಿದರೆ ಕುತ್ತಿಗೆ ನೋವೇ ಬರುವುದಿಲ್ಲ ಅನ್ನುವ ಮಾತು ಅರ್ಧ ಮಾತ್ರ ನಿಜ. ಕೊರಳ ಪಟ್ಟಿಯಲ್ಲಿ 720 ಗ್ರಾಂ ಭಾರವೂ ಕುತ್ತಿಗೆಯ ಹಿಂದಿನ ಎರಡು ಮೂರು ಸೆಂಟಿಮೀಟರ್ ಅಗಲದ ಜಾಗದ ಮೇಲೆ ಬೀಳುತ್ತದೆ. ಅದನ್ನು ತಡೆಯಲು ನಾವು ಗೊತ್ತಿಲ್ಲದೆಯೇ ತಲೆಯನ್ನು ಮುಂದಕ್ಕೆ ಚಾಚುತ್ತೇವೆ. ದೊಡ್ಡವರ ತಲೆಯೇ ಸುಮಾರು 5 ಕಿಲೋ ಇರುತ್ತದೆ, ಅದು ಮುಂದಕ್ಕೆ ಬಾಗಿದಷ್ಟೂ ಹಿಂದಿನ ಸ್ನಾಯು ಎಳೆದು ಹಿಡಿಯಬೇಕು. ಹಾರ್ನೆಸ್ ಆ ಭಾರವನ್ನು ಎರಡು ಹೆಗಲಿಗೆ ಹಂಚುತ್ತದೆ. ಇಷ್ಟೇ ಅದರ ಕೆಲಸ. ಬೈನಾಕ್ಯುಲರ್ ಕಣ್ಣಿಗೆ ಎತ್ತಿದ ಮೇಲೆ ಭಾರ ಇರುವುದು ನಿಮ್ಮ ಕೈಯಲ್ಲಿ. ಮರದ ತುದಿಯ ಹಕ್ಕಿಯನ್ನು ತಲೆ ಹಿಂದಕ್ಕೆ ಬಾಗಿಸಿ ಹತ್ತು ನಿಮಿಷ ನೋಡಿದರೆ ಬರುವ ನೋವಿಗೂ ಹಾರ್ನೆಸ್ಸಿಗೂ ಸಂಬಂಧ ಇಲ್ಲ. ಇಂಗ್ಲಿಷ್ ಮಾತಾಡುವ ಹಕ್ಕಿಪ್ರಿಯರು ಇದನ್ನು "ವಾರ್ಬ್ಲರ್ ನೆಕ್" ಅನ್ನುತ್ತಾರೆ. ವಾರ್ಬ್ಲರ್ ಎಂಬ ಪುಟ್ಟ ಹಕ್ಕಿಗಳಲ್ಲಿ ಹಲವು ಮರದ ಮೇಲ್ತುದಿಯಲ್ಲಿ ಓಡಾಡುತ್ತವೆ, ಅವನ್ನು ನೋಡಿ ನೋಡಿ ಬಂದ ಹೆಸರು. ಅದಕ್ಕೆ ಔಷಧ ಬೇರೆ: ಮರದಿಂದ ಹತ್ತಿಪ್ಪತ್ತು ಹೆಜ್ಜೆ ಹಿಂದೆ ಸರಿಯಿರಿ, ನೋಡುವ ಕೋನ ಇಳಿಯುತ್ತದೆ. ಇಲ್ಲ, ಕೂತು ಬೆನ್ನಿಗೆ ಏನಾದರೂ ಆಸರೆ ಕೊಟ್ಟು ನೋಡಿ.

ಆದರೆ ನೀವು ಬರೆದಿರುವ ನೋವು ಅದಲ್ಲ ಅಂತ ನನಗೆ ಅನಿಸುತ್ತದೆ. ಮೊದಲು ಹಾಯಾಗಿತ್ತು, ಈಗ "ಮತ್ತೆ ಅದೇ" ನೋವು ಅಂದಿದ್ದೀರಿ. ಒಂದು ಕೆಲಸ ಮಾಡಿ. ಹಾರ್ನೆಸ್ ಹಾಕಿಕೊಂಡು ಹದಿನೈದು ನಿಮಿಷ ನಡೆದು, ಮನೆಯವರ ಹತ್ತಿರ ಬೆನ್ನಿನ ಒಂದು ಫೋಟೊ ತೆಗೆಸಿ. ಎರಡು ಪಟ್ಟಿ ಅಡ್ಡ ಹಾಯುವ ಜಾಗದಲ್ಲಿ ಒಂದು ಚರ್ಮದ ತುಂಡೋ ಪ್ಲಾಸ್ಟಿಕ್ ಬಿಲ್ಲೆಯೋ ಇರುತ್ತದಲ್ವಾ, ಅದು ಎಲ್ಲಿದೆ ನೋಡಿ. ಅದು ಇರಬೇಕಾದದ್ದು ಬೆನ್ನಿನ ಎರಡು ರೆಕ್ಕೆಮೂಳೆಗಳ ನಡುವೆ. ನಿಮ್ಮದು ಕಾಲರ್ ಹತ್ತಿರಕ್ಕೆ ಹತ್ತಿ ಕೂತಿರುತ್ತದೆ ಅಂತ ನನ್ನ ಊಹೆ. ಹಾಗೆ ಹತ್ತಿದರೆ ಪಟ್ಟಿಗಳು ಹೆಗಲಿನಿಂದ ಜಾರಿ ಕುತ್ತಿಗೆಯ ಬುಡಕ್ಕೆ ಬರುತ್ತವೆ. ಆಮೇಲೆ ನೀವು ಹಾಕಿರುವುದು ಹೆಸರಿಗೆ ಹಾರ್ನೆಸ್, ಕೆಲಸ ಮಾಡುವುದು ಕೊರಳ ಪಟ್ಟಿಯ ಹಾಗೇ.

ಬಿಲ್ಲೆ ಯಾಕೆ ಮೇಲೆ ಹತ್ತುತ್ತದೆ? ಇದು ಗೊತ್ತಾದರೆ ಉಳಿದದ್ದೆಲ್ಲ ತಾನಾಗಿ ಬಿಡಿಸಿಕೊಳ್ಳುತ್ತದೆ. ಬೈನಾಕ್ಯುಲರ್‌ನ ಎರಡು ಪಕ್ಕದಲ್ಲಿ ಪಟ್ಟಿ ಪೋಣಿಸುವ ಕಿವಿಗಳಿವೆ. ಒಂದೊಂದು ಕಿವಿಗೂ ಎರಡೆರಡು ಪಟ್ಟಿ ಬರುತ್ತದೆ: ಒಂದು ಹೆಗಲ ಮೇಲಿಂದ, ಇನ್ನೊಂದು ಕಂಕುಳ ಕೆಳಗಿಂದ. ಮೇಲಿನದು ಭಾರ ಹೊರುತ್ತದೆ. ಕೆಳಗಿನದು ಬೈನಾಕ್ಯುಲರ್ ಅತ್ತಿತ್ತ ಆಡದ ಹಾಗೆ ಎದೆಗೆ ಹಿಡಿದಿಡುತ್ತದೆ, ಜೊತೆಗೆ ಬೆನ್ನಿನ ಬಿಲ್ಲೆಯನ್ನು ಕೆಳಕ್ಕೆ ಎಳೆದು ಜಾಗದಲ್ಲಿ ನಿಲ್ಲಿಸುತ್ತದೆ. ಎಲಾಸ್ಟಿಕ್ ಸೋತಾಗ ಬೈನಾಕ್ಯುಲರ್ ಹೊಟ್ಟೆಗೆ ಇಳಿಯುತ್ತದೆ, ಬಿಲ್ಲೆ ಮೇಲೆ ಹೋಗುತ್ತದೆ. ಬಾವಿಯ ರಾಟೆಯಲ್ಲಿ ಹಗ್ಗದ ಒಂದು ತುದಿ ಇಳಿದರೆ ಇನ್ನೊಂದು ಏರುವ ಹಾಗೆ. ಆಗ ನಾವು ಮಾಡುವುದೇನು? ಕೈಗೆ ಸಿಗುವ ಬಕಲ್ ಎಳೆದು ಬಿಗಿ ಮಾಡುತ್ತೇವೆ. ಪಕ್ಕೆಯ ಹತ್ತಿರ ಸುಲಭವಾಗಿ ಕೈಗೆ ಸಿಗುವುದು ಕಂಕುಳ ಕಡೆಯದೇ. ಬೈನಾಕ್ಯುಲರ್ ಒಂದಿಂಚೂ ಮೇಲೆ ಬರುವುದಿಲ್ಲ, ಪಟ್ಟಿ ಮಾತ್ರ ಕಂಕುಳಿಗೆ ಕಚ್ಚುತ್ತದೆ. ನಿಮ್ಮ ಗೆಳೆಯರ ಸಲಹೆ ಕೇಳಿದ ಮೇಲೆ ಆದದ್ದು ಇದೇ ಇರಬೇಕು.

ಬಿಗಿ ಇದ್ದಷ್ಟೂ ಒಳ್ಳೇದು ಅನ್ನುವುದು ಇನ್ನೊಂದು ಕಾರಣಕ್ಕೂ ತಪ್ಪು. ಎಲಾಸ್ಟಿಕ್ ಎಳೆದಷ್ಟೂ ವಾಪಸ್ ಎಳೆಯುತ್ತದೆ. ಎದೆಯ ಮೇಲೆ ಕೂತಾಗಲೇ ಅರ್ಧ ಹಿಗ್ಗಿರುವ ಪಟ್ಟಿಯನ್ನು ಕಣ್ಣಿನವರೆಗೆ ಎತ್ತಿದರೆ ಅದು ಪೂರ್ತಿ ಹಿಗ್ಗಿ, ನೋಡುವಷ್ಟು ಹೊತ್ತೂ ಬೈನಾಕ್ಯುಲರ್ ಅನ್ನು ಕೆಳಗೆ ಜಗ್ಗುತ್ತಿರುತ್ತದೆ. ರಟ್ಟೆ ಬೇಗ ಸೋಲುತ್ತದೆ, ಕೈ ನಡುಗುತ್ತದೆ. ನಿಮ್ಮದು 10 ಪಟ್ಟು ದೊಡ್ಡದು ಮಾಡಿ ತೋರಿಸುವ ಬೈನಾಕ್ಯುಲರ್. ನಡುಕವನ್ನೂ 10 ಪಟ್ಟು ಮಾಡಿಯೇ ತೋರಿಸುತ್ತದೆ. ಹಕ್ಕಿ ಸ್ಪಷ್ಟ ಕಾಣುತ್ತಿಲ್ಲ, ಲೆನ್ಸ್ ಹಾಳಾಗಿದೆ ಅಂತ ನನ್ನ ಹತ್ತಿರ ಬಂದ ಬೈನಾಕ್ಯುಲರ್‌ಗಳಲ್ಲಿ ಕೆಲವು ಏನೂ ಆಗದೆ ಚೆನ್ನಾಗಿದ್ದವು. ಹಾರ್ನೆಸ್ ಸಡಿಲ ಮಾಡಿ ಅಷ್ಟೇ ವಾಪಸ್ ಕೊಟ್ಟಿದ್ದೇನೆ.

ಹಾಗಾಗಿ ಅಳತೆಯನ್ನು ಹೊಸದಾಗಿ ಶುರು ಮಾಡೋಣ. ಹೊರಗೆ ಹೋಗುವಾಗ ಹಾಕುವ ಬಟ್ಟೆಯನ್ನೇ ಹಾಕಿಕೊಳ್ಳಿ. ದಪ್ಪ ಜಾಕೆಟ್ ಮೇಲೆ ಮಾಡಿದ ಅಳತೆ ತೆಳು ಅಂಗಿಗೆ ಬರುವುದಿಲ್ಲ. ಎಲ್ಲ ಬಕಲ್‌ಗಳನ್ನೂ ಪೂರ್ತಿ ಸಡಿಲ ಬಿಡಿ. ಹಾಸಿಗೆ ಹತ್ತಿರವೇ ನಿಂತು ಮಾಡಿ, ಕೈ ಜಾರಿದರೆ ಬೈನಾಕ್ಯುಲರ್ ಮೆತ್ತಗೆ ಬೀಳಲಿ. ಅಂಗಿಗೆ ತೋಳು ತೂರಿಸುವ ಹಾಗೆ ಎರಡು ಕುಣಿಕೆಗೂ ಕೈ ತೂರಿಸಿ. ಪಟ್ಟಿ ಎಲ್ಲೂ ತಿರುಚಿರಬಾರದು. ತಿರುಚಿದ ಪಟ್ಟಿ ಅಂಚಿನ ಮೇಲೆ ಕೂತು ಚರ್ಮಕ್ಕೆ ಕೊರೆಯುತ್ತದೆ.

ಮೊದಲು ಹೆಗಲ ಪಟ್ಟಿ. ಬೈನಾಕ್ಯುಲರ್ ಎದೆಮೂಳೆಯ ಕೆಳ ತುದಿಯ ಹತ್ತಿರ ಕೂರುವಷ್ಟು ಎಳೆಯಿರಿ. ತಲೆ ಬಗ್ಗಿಸಿದರೆ ಐಪೀಸ್ (ಕಣ್ಣಿಗೆ ಹಿಡಿಯುವ ತುದಿ) ಗದ್ದಕ್ಕೆ ತಾಗಬಾರದು, ಮೆಟ್ಟಿಲು ಹತ್ತಿದರೆ ಹೊಟ್ಟೆಗೆ ಬಡಿಯಬಾರದು. ಎರಡು ಪಕ್ಕದ ಉದ್ದವೂ ಸಮ ಇರಲಿ, ಸ್ಕೇಲ್ ಇಟ್ಟು ನೋಡಿ. ಒಂದು ಸೆಂಟಿಮೀಟರ್ ವ್ಯತ್ಯಾಸ ಇದ್ದರೂ ಒಂದು ಹೆಗಲು ಜಾಸ್ತಿ ಹೊರುತ್ತದೆ. ನಿಮಗೆ ಎಡಗೈ ಮಾತ್ರ ಜೋಮು ಹಿಡಿಯುವುದರಿಂದ ಇದನ್ನು ಮರೆಯಬೇಡಿ.

ಆಮೇಲೆ ಕಂಕುಳ ಪಟ್ಟಿ. ಬಿಲ್ಲೆ ರೆಕ್ಕೆಮೂಳೆಗಳ ನಡುವೆ ಇಳಿದು ನಿಲ್ಲುವವರೆಗೆ ಮಾತ್ರ ಎಳೆದು ಅಲ್ಲಿಗೇ ಬಿಡಿ. ಪಟ್ಟಿಯ ಕೆಳಗೆ ಎರಡು ಬೆರಳು ಆರಾಮಾಗಿ ಹೋಗಬೇಕು. ಅದು ಹಾದುಹೋಗುವುದು ಕಂಕುಳ ಗುಳಿಯಲ್ಲಲ್ಲ, ನಾಲ್ಕು ಬೆರಳು ಕೆಳಗೆ, ಪಕ್ಕೆಲುಬಿನ ಮೇಲೆ. ಹೆಂಗಸರು ಪಟ್ಟಿ ಎದೆಯ ಹೊರಬದಿಯಲ್ಲಿ ಹಾಯುವ ಹಾಗೆ ನೋಡಿಕೊಂಡು, ಬಿಲ್ಲೆಯನ್ನು ಇನ್ನೂ ಸ್ವಲ್ಪ ಕೆಳಗೆ ಇಟ್ಟರೆ ಹಿತವಾಗಿರುತ್ತದೆ. ಕೆಲವು ಹಾರ್ನೆಸ್‌ಗಳಲ್ಲಿ ಪಕ್ಕಕ್ಕೆ ಒಂದೇ ಬಕಲ್ ಇದ್ದು, ಪಟ್ಟಿ ಕಿವಿಯ ರಿಂಗಿನ ಮೂಲಕ ಸರಾಗ ಜಾರುತ್ತದೆ. ಅವುಗಳಲ್ಲಿ ಮೇಲೆ ಕೆಳಗೆ ಬೇರೆ ಬೇರೆ ಅಳತೆ ಇಲ್ಲ. ಬಿಲ್ಲೆಯನ್ನು ಕೈಯಲ್ಲಿ ಜಾಗಕ್ಕೆ ತಂದು ಒಟ್ಟು ಉದ್ದ ಸರಿಮಾಡಿದರೆ ಸಾಕು.

ಕನ್ನಡಿ ಮುಂದೆ ಚೆನ್ನಾಗಿ ಕಂಡಿತು ಅಂತ ಇಲ್ಲಿಗೇ ನಿಲ್ಲಿಸಬೇಡಿ. ಹಾರ್ನೆಸ್ಸಿನ ನಿಜವಾದ ಅಳತೆ ಆಗುವುದು ಕಣ್ಣಿಗೆ ಎತ್ತಿದಾಗ. ಹತ್ತು ಸಲ ಎತ್ತಿ ಇಳಿಸಿ. ಮೇಲಕ್ಕೆ ನೋಡಿ, ಎಡಕ್ಕೆ ಬಲಕ್ಕೆ ತಿರುಗಿ ನೋಡಿ. ಕಣ್ಣ ಹತ್ತಿರ ಹಿಡಿದಾಗ ಪಟ್ಟಿ ಕೆಳಗೆ ಜಗ್ಗಿದ ಹಾಗೆ ಅನಿಸಿದರೆ ಹೆಗಲ ಪಟ್ಟಿಯನ್ನು ಒಂದೊಂದು ಸೆಂಟಿಮೀಟರ್ ಸಡಿಲ ಬಿಡುತ್ತಾ ಬನ್ನಿ. ಆಮೇಲೆ ಬಗ್ಗಿ ಶೂ ಲೇಸ್ ಕಟ್ಟಿ. ಬೈನಾಕ್ಯುಲರ್ ಒಂದು ಗೇಣು ಮುಂದೆ ಬಂದು ತೂಗಾಡಿದರೆ ಪರವಾಗಿಲ್ಲ, ಮೊಣಕಾಲಿಗೆ ಬಡಿಯುವಷ್ಟು ಬಂದರೆ ಕಂಕುಳ ಪಟ್ಟಿ ತೀರಾ ಸಡಿಲ. ಯಾವ ಹಾರ್ನೆಸ್ಸೂ ಬಗ್ಗಿದಾಗ ಬೈನಾಕ್ಯುಲರ್ ಅನ್ನು ಎದೆಗೆ ಅಂಟಿಸಿದ ಹಾಗೆ ಹಿಡಿಯುವುದಿಲ್ಲ. ಬಂಡೆ, ಬೇಲಿ ದಾಟುವಾಗ ಒಂದು ಕೈ ಅದರ ಮೇಲಿರಲಿ. ಒಂದು ಬಲವಾದ ಪೆಟ್ಟು ಸಾಕು, ಒಳಗಿನ ಪ್ರಿಸಮ್ (ಬೆಳಕನ್ನು ತಿರುಗಿಸುವ ಗಾಜಿನ ತುಂಡು) ಸರಿದು ಎರಡು ಕೊಳವೆಯ ಚಿತ್ರ ಒಂದಾಗದೆ ಜೋಡಿಯಾಗಿ ಕಾಣುತ್ತದೆ. ಮನೆಯಲ್ಲಿ ಸರಿಮಾಡುವ ಕೆಲಸ ಅಲ್ಲ ಅದು.

ಬ್ಯಾಗ್ ಬಗ್ಗೆ: ಹಾರ್ನೆಸ್ ಮೊದಲು, ಬ್ಯಾಗ್ ಆಮೇಲೆ. ಆಗ ಬ್ಯಾಗ್ ಇಳಿಸಲು ಬೈನಾಕ್ಯುಲರ್ ಬಿಚ್ಚಬೇಕಾಗಿಲ್ಲ. ಹಾರ್ನೆಸ್ಸಿನ ಬಕಲ್ ಬ್ಯಾಗಿನ ಪಟ್ಟಿ ಕೆಳಗೆ ಸಿಕ್ಕಿಕೊಳ್ಳದ ಹಾಗೆ ನೋಡಿಕೊಳ್ಳಿ. ಸಿಕ್ಕಿಕೊಂಡರೆ ಕಲ್ಲಿನ ಮೇಲೆ ಮಲಗಿದ ಹಾಗಿರುತ್ತದೆ. ಬ್ಯಾಗಿಗೆ ಸೊಂಟದ ಬೆಲ್ಟ್ ಇದ್ದರೆ ಕಟ್ಟಿ, ಹೆಗಲಿನ ಭಾರ ಸೊಂಟಕ್ಕೆ ಇಳಿಯಲಿ. ಬ್ಯಾಗಿಗೆ ಎದೆಯ ಅಡ್ಡಪಟ್ಟಿ ಇದ್ದರೆ ಅದು ಬೈನಾಕ್ಯುಲರ್‌ನ ಹಿಂದೆ, ಮೈಗೆ ತಾಗಿ ಹಾಯಲಿ. ಮೇಲಿಂದ ಹಾಯಿಸಿದರೆ ಹಕ್ಕಿ ಕಂಡಾಗ ಎತ್ತಲು ಆಗುವುದಿಲ್ಲ.

ಇಷ್ಟು ಮಾಡಿಯೂ ಬೈನಾಕ್ಯುಲರ್ ನಿಲ್ಲದೆ ಇಳಿಯುತ್ತಿದ್ದರೆ ಎಲಾಸ್ಟಿಕ್ ಮುಗಿದಿದೆ ಅಂತ ಅರ್ಥ. ಊಹೆ ಬೇಡ, ಅಳೆದು ನೋಡಬಹುದು. ಪಟ್ಟಿಯನ್ನು ಮೇಜಿನ ಮೇಲೆ ಸುಮ್ನೆ ಮಲಗಿಸಿ ಎಲಾಸ್ಟಿಕ್ ಭಾಗದ ಉದ್ದ ಬರೆದಿಟ್ಟುಕೊಳ್ಳಿ. ಒಂದು ಲೀಟರ್ ನೀರಿನ ಬಾಟಲಿ ನೇತುಹಾಕಿ, ಅಂದರೆ ಸುಮಾರು ಒಂದು ಕಿಲೋ, ಐದು ನಿಮಿಷ ಬಿಡಿ. ಬಾಟಲಿ ತೆಗೆದು ಮತ್ತೆ ಅಳೆಯಿರಿ. ಆರೋಗ್ಯವಾಗಿರುವ ಎಲಾಸ್ಟಿಕ್ ಮೊದಲಿನ ಉದ್ದಕ್ಕೆ ಬರುತ್ತದೆ. ಮುಗಿದದ್ದು ಉದ್ದವಾಗಿಯೇ ಬಿದ್ದಿರುತ್ತದೆ. ಹಿಗ್ಗಿಸಿದಾಗ ಒಳಗಿಂದ ಸಣ್ಣ ಬಿಳಿ ಎಳೆಗಳು ಮುರಿದು ಹೊರಗೆ ಇಣುಕಿದರೆ, ಚಿಟಚಿಟ ಸದ್ದು ಬಂದರೆ ಅನುಮಾನವೇ ಬೇಡ, ಬದಲಾಯಿಸಿ.

ಈಗ ತೊಳೆಯುವ ವಿಷಯ. ತೊಳೆದರೆ ಎಲಾಸ್ಟಿಕ್ ಹಾಳಾಗುತ್ತದೆ ಅನ್ನುವುದು ತಲೆಕೆಳಗಾದ ಮಾತು. ನಿಮ್ಮ ಎಲಾಸ್ಟಿಕ್ ಒಂದೇ ವರ್ಷಕ್ಕೆ ಸೋತದ್ದು ತೊಳೆಯದೆ ಇದ್ದದ್ದರಿಂದಲೇ ಇರಬಹುದು. ಎಲಾಸ್ಟಿಕ್ ಒಳಗಿರುವುದು ರಬ್ಬರ್ ಎಳೆ, ಇಲ್ಲವೇ ಸ್ಪ್ಯಾಂಡೆಕ್ಸ್ ಎಂಬ ಹಿಗ್ಗುವ ಕೃತಕ ಎಳೆ. ಎರಡಕ್ಕೂ ಬಿಸಿ, ಬಿಸಿಲು ಆಗಿಬರುವುದಿಲ್ಲ, ರಬ್ಬರಿಗೆ ಎಣ್ಣೆಯೂ ಆಗಿಬರುವುದಿಲ್ಲ. ಮೈ ಎಣ್ಣೆ, ಸನ್‌ಸ್ಕ್ರೀನ್ ಪಟ್ಟಿಗೆ ಹೀರಿಕೊಂಡು ಅಲ್ಲೇ ಉಳಿಯುತ್ತವೆ. ಬೆವರು ಒಣಗಿದಾಗ ಉಪ್ಪಿನ ಹರಳು ಉಳಿದು ಎಳೆಗಳ ನಡುವೆ ಉಜ್ಜುತ್ತದೆ. ಕಪ್ಪು ಪಟ್ಟಿಯ ಮೇಲೆ ಅಲೆಅಲೆಯಾಗಿ ಬಿಳಿ ಗೆರೆ ಕಾಣುತ್ತದಲ್ಲ, ಅದೇ ಆ ಉಪ್ಪು.

ಇವೆಲ್ಲಕ್ಕಿಂತ ಕೆಟ್ಟದ್ದು ಡೀಟ್ (DEET) ಎಂಬ ರಾಸಾಯನಿಕ ಇರುವ, ಮೈಗೆ ಹಚ್ಚುವ ಸೊಳ್ಳೆ ಔಷಧ. ಡೀಟ್ ಹತ್ತಿ, ಉಣ್ಣೆ, ನೈಲಾನ್ ಬಟ್ಟೆಗೆ ಏನೂ ಮಾಡುವುದಿಲ್ಲ. ಆದರೆ ಸ್ಪ್ಯಾಂಡೆಕ್ಸ್, ಚರ್ಮದ (ಲೆದರ್) ವಸ್ತು, ಕೆಲವು ಪ್ಲಾಸ್ಟಿಕ್‌ಗಳನ್ನು ತಿನ್ನುತ್ತದೆ. ಕುತ್ತಿಗೆಗೆ ಹಚ್ಚಿದ ಕೈಯಲ್ಲೇ ಬೈನಾಕ್ಯುಲರ್ ಹಿಡಿದು, ಅದರ ರಬ್ಬರ್ ಹೊದಿಕೆಯ ಮೇಲೆ ಬೆರಳಿನ ಗುರುತು ಅಂಟಂಟಾಗಿ ಉಳಿದದ್ದನ್ನು ನಾನು ನೋಡಿದ್ದೇನೆ. ಎಷ್ಟು ಒರೆಸಿದರೂ ಹೋಗುವುದಿಲ್ಲ, ಮೇಲ್ಮೈಯೇ ಕರಗಿರುತ್ತದೆ. ಪಿಕಾರಿಡಿನ್ ಇರುವ ಔಷಧ ಪ್ಲಾಸ್ಟಿಕ್ ತಿನ್ನುವುದಿಲ್ಲ. ಯಾವುದೇ ಆದರೂ ಹಚ್ಚಿ, ಅಂಗೈ ತೊಳೆದು, ಒಣಗಿದ ಮೇಲೆ ಹಾರ್ನೆಸ್ ಹಾಕಿ.

ತೊಳೆಯುವಾಗ ಮೊದಲು ಪಟ್ಟಿಯನ್ನು ಬೈನಾಕ್ಯುಲರ್‌ನಿಂದ ಪೂರ್ತಿ ಬಿಚ್ಚಿ. ಪಟ್ಟಿ ಹೇಗೆ ಪೋಣಿಸಿದೆ ಅಂತ ಬಿಚ್ಚುವ ಮೊದಲು ಒಂದು ಫೋಟೊ ತೆಗೆದುಕೊಳ್ಳಿ, ಅಳತೆ ಸಿಕ್ಕಿದ ಜಾಗಕ್ಕೆ ಸೂಜಿಯಲ್ಲಿ ಒಂದು ದಾರದ ಗುರುತು ಹಾಕಿ. ಉಗುರುಬೆಚ್ಚಗಿನ ನೀರಿಗೆ ಸ್ವಲ್ಪ ಮೃದು ಸೋಪು ಹಾಕಿ ಹದಿನೈದು ನಿಮಿಷ ನೆನೆಸಿ, ಕೈಯಲ್ಲಿ ಅದುಮಿ ಅದುಮಿ ತೊಳೆಯಿರಿ. ಹಿಂಡಬೇಡಿ. ಬ್ಲೀಚ್ ಬೇಡ, ಕ್ಲೋರಿನ್ ಸ್ಪ್ಯಾಂಡೆಕ್ಸಿಗೆ ಶತ್ರು. ಬಟ್ಟೆ ಮೆತ್ತಗಾಗಲು ಹಾಕುವ ದ್ರವವೂ ಬೇಡ. ಬೆನ್ನಿನ ಬಿಲ್ಲೆ ಚರ್ಮದ್ದಾದರೆ ಅದನ್ನು ಮುಳುಗಿಸಬೇಡಿ, ಒದ್ದೆ ಬಟ್ಟೆಯಲ್ಲಿ ಒರೆಸಿ. ಸೋಪಿನ ಜಾರು ಹೋಗುವವರೆಗೆ ನೀರು ಬದಲಾಯಿಸಿ, ಟವೆಲ್ಲಿನಲ್ಲಿ ಸುತ್ತಿ ಒತ್ತಿ, ನೆರಳಿನಲ್ಲಿ ಅಡ್ಡಕ್ಕೆ ಹರಡಿ ಒಣಗಿಸಿ. ಒದ್ದೆ ಎಲಾಸ್ಟಿಕ್ ತನ್ನ ಭಾರಕ್ಕೇ ಹಿಗ್ಗುತ್ತದೆ, ಹಾಗಾಗಿ ನೇತುಹಾಕಬೇಡಿ. ವಾರವಾರ ಹೊರಗೆ ಹೋಗುವವರಿಗೆ ತಿಂಗಳಿಗೊಮ್ಮೆ ತೊಳೆದರೆ ಸಾಕು. ಸಮುದ್ರ ತೀರಕ್ಕೆ ಹೋಗಿ ಬಂದರೆ ಅವತ್ತೇ ಸಾದಾ ನೀರಿನಲ್ಲಿ ಅದ್ದಿ ತೆಗೆಯಿರಿ.

ಪೂರ್ತಿ ಒಣಗದ ಪಟ್ಟಿಯನ್ನು ಬೈನಾಕ್ಯುಲರ್ ಜೊತೆ ಚೀಲದಲ್ಲಿ ಹಾಕಿ ಮುಚ್ಚುವುದು ನಾನು ಕಂಡ ತಪ್ಪುಗಳಲ್ಲಿ ದುಬಾರಿಯಾದದ್ದು. ಚೀಲದ ಒಳಗಿನ ತೇವ ಶೇ 60 ದಾಟಿ ಹಾಗೇ ಉಳಿದರೆ ಲೆನ್ಸ್ ಮೇಲೆ ಬೂಸ್ಟು ಬೆಳೆಯಲು ಶುರುವಾಗುತ್ತದೆ. ಟಾರ್ಚ್ ಹಿಡಿದು ನೋಡಿದರೆ ಜೇಡರ ಬಲೆಯ ಹಾಗೆ ಕಾಣುತ್ತದೆ. ತಡವಾದರೆ ಅದು ಗಾಜಿನ ಮೇಲಿನ ಲೇಪವನ್ನೇ ತಿನ್ನುತ್ತದೆ, ಆಮೇಲೆ ಒರೆಸಿದರೂ ಗುರುತು ಉಳಿಯುತ್ತದೆ. ಪಟ್ಟಿ ಬೇರೆ ಇಡಿ, ಬೈನಾಕ್ಯುಲರ್ ಜೊತೆ ಸಿಲಿಕಾ ಜೆಲ್ ಪೊಟ್ಟಣ ಇಡಿ. ಎರಡನ್ನೂ ಬಿಸಿಲಿನಲ್ಲಿ ನಿಂತ ಕಾರಿನೊಳಗೆ ಬಿಡಬೇಡಿ, ಅಲ್ಲಿ ಬಿಸಿ ಸುಲಭವಾಗಿ 50 ಡಿಗ್ರಿ ದಾಟುತ್ತದೆ. ಕಾರ್ ಓಡಿಸುವಾಗ ಹಾರ್ನೆಸ್ ಮೈ ಮೇಲೆ ಇರಲೇಬಾರದು. ಏರ್‌ಬ್ಯಾಗ್ ಬಿಚ್ಚಿಕೊಂಡರೆ ಎದೆಯ ಮೇಲಿನ ಮುಕ್ಕಾಲು ಕಿಲೋ ಲೋಹ, ಗಾಜು ಎಲ್ಲಿಗೆ ಬಡಿಯುತ್ತದೆ ಯೋಚಿಸಿ.

ವಾಪಸ್ ಪೋಣಿಸುವಾಗ ಅವಸರ ಬೇಡ. ಪಟ್ಟಿ ಕಿವಿಯೊಳಗೆ ಹೋಗಿ, ಬಕಲ್ ಮೂಲಕ ಬಂದು, ತುದಿ ಮತ್ತೊಂದು ಸಲ ಬಕಲ್ ಒಳಗೆ ಹೊಕ್ಕಿರಬೇಕು. ಆಚೆ ನಾಲ್ಕೈದು ಸೆಂಟಿಮೀಟರ್ ಬಾಲ ಉಳಿಯಲಿ. ಒಂದೇ ಸುತ್ತು ಹಾಕಿದ ನೈಲಾನ್ ಪಟ್ಟಿ ಸ್ವಲ್ಪಸ್ವಲ್ಪವೇ ಜಾರಬಹುದು, ಕಣ್ಣಿಗೆ ಕಾಣುವುದಿಲ್ಲ. ಕಿವಿಯಲ್ಲಿ ಕಬ್ಬಿಣದ ರಿಂಗ್ ಇದ್ದರೆ ಅದು ಉಜ್ಜಿ ಉಜ್ಜಿ ಕಿವಿ ಸವೆದಿದೆಯಾ ನೋಡಿ. ನನಗೆ ಬಟ್ಟೆ ಪಟ್ಟಿಯ ಕುಣಿಕೆಯೇ ಇಷ್ಟ.

ಕ್ಲಿಪ್ ಇರುವ ಹಾರ್ನೆಸ್ ಆದರೆ ಒಂದು ಎಚ್ಚರಿಕೆ. ವರ್ಷಗಳ ಹಿಂದೆ ನನ್ನ ಬೈನಾಕ್ಯುಲರ್ ಒಂದು ಮರಳು ದಂಡೆಯ ಹತ್ತಿರ ಬಂಡೆ ಮೇಲೆ ಬಿತ್ತು. ಕ್ಲಿಪ್ ಮುರಿದಿರಲಿಲ್ಲ. ಅದರ ಬಾಯಲ್ಲಿ ಮರಳು ಸೇರಿ ಒಂದು ಹಲ್ಲು ಮಾತ್ರ ಕಚ್ಚಿತ್ತು. ಇನ್ನೊಂದು ಪಕ್ಕದ ಕ್ಲಿಪ್ ನಾನೇ ಬಿಚ್ಚುತ್ತಿದ್ದೆ. ಅವತ್ತಿನಿಂದ ಎರಡು ಅಭ್ಯಾಸ ಬಿಟ್ಟಿಲ್ಲ: ಕ್ಲಿಪ್ ಹಾಕಿದ ಮೇಲೆ "ಟಕ್" ಸದ್ದು ಕೇಳಿ ಒಮ್ಮೆ ಜಗ್ಗಿ ನೋಡುವುದು, ಬಿಚ್ಚುವ ಮೊದಲು ಇನ್ನೊಂದು ಕೈಯಲ್ಲಿ ಬೈನಾಕ್ಯುಲರ್ ಗಟ್ಟಿ ಹಿಡಿಯುವುದು. ಮರಳು, ಕೆಸರು ಹೊಕ್ಕರೆ ಹಳೆ ಟೂತ್‌ಬ್ರಶ್ಶಿನಿಂದ ತೆಗೆಯಿರಿ. ಪ್ಲಾಸ್ಟಿಕ್ ಬಕಲ್ ಮೇಲೆ ಬಿಳಿ ಗೆರೆ ಮೂಡಿದ್ದರೆ ಅದು ಬಿರುಕು.

ಬದಲಾಯಿಸಲೇಬೇಕಾಗಿ ಬಂದರೆ ಏನು ತಗೊಳ್ಳಬೇಕು? ನಿಮ್ಮ ತೂಕದ ಬೈನಾಕ್ಯುಲರ್‌ಗೆ ಅಗಲ ಎಲಾಸ್ಟಿಕ್ ಇರುವ ಹಾರ್ನೆಸ್ಸೇ ನನ್ನ ಮೊದಲ ಆಯ್ಕೆ. ಎಲಾಸ್ಟಿಕ್ ಇಲ್ಲದೆ ರಿಂಗಿನಲ್ಲಿ ಜಾರುವ ಮಾದರಿ ಇನ್ನೂ ಹೆಚ್ಚು ವರ್ಷ ಬಾಳುತ್ತದೆ, ಆದರೆ ನಡೆಯುವಾಗ ಕುಲುಕಾಟ ಜಾಸ್ತಿ. ಒಂದು ಹೆಗಲಿಂದ ಅಡ್ಡಕ್ಕೆ ಹಾಕುವ ಪಟ್ಟಿ ಬಿಸಿಲಿಗೆ ಹಿತ, ಕಂಕುಳ ಪಟ್ಟಿಯೇ ಇಲ್ಲ. ಭಾರ ಮಾತ್ರ ಒಂದೇ ಹೆಗಲಿಗೆ, ಬೈನಾಕ್ಯುಲರ್ ಸೊಂಟದ ಹತ್ತಿರ ತೂಗಾಡುತ್ತದೆ. ಬ್ಯಾಗಿನ ಹೆಗಲ ಪಟ್ಟಿಗೇ ಬೈನಾಕ್ಯುಲರ್ ಸಿಕ್ಕಿಸುವ ಕ್ಲಿಪ್‌ಗಳೂ ಇವೆ. ಪಟ್ಟಿಯ ಮೇಲೆ ಪಟ್ಟಿ ಬೀಳದ ಕಾರಣ ಜೋಮಿನವರಿಗೆ ಇದು ಚೆನ್ನಾಗಿ ಒಗ್ಗುತ್ತದೆ, ಬ್ಯಾಗ್ ಇಳಿಸಿದಾಗ ಬೈನಾಕ್ಯುಲರ್ ಕೂಡ ಹೋಗುತ್ತದೆ ಅಷ್ಟೇ.

ಎದೆಗೆ ಕಟ್ಟುವ ಪೆಟ್ಟಿಗೆಯಂಥ ಚೀಲ ಮಳೆ, ಧೂಳಿಗೆ ಒಳ್ಳೆಯದು. ಆದರೆ ಅದು ಸೆಕೆ, ಹಕ್ಕಿ ಕಂಡಾಗ ಮುಚ್ಚಳ ತೆಗೆಯಬೇಕು, ವೆಲ್ಕ್ರೋ ಇದ್ದರೆ ಆ ಸದ್ದಿಗೆ ಹಕ್ಕಿ ಹಾರಿರುತ್ತದೆ. ಮುಚ್ಚಳಕ್ಕೆ ಅಯಸ್ಕಾಂತ ಇರುವ ಚೀಲಗಳೂ ಬರುತ್ತವೆ. ಎದೆಯಲ್ಲಿ ಪೇಸ್‌ಮೇಕರ್ ಇರುವವರು ಅದನ್ನು ಹಾಕಬಾರದು, ಅಯಸ್ಕಾಂತ ಅಷ್ಟು ಹತ್ತಿರ ಬಂದರೆ ಪೇಸ್‌ಮೇಕರ್ ಕೆಲಸ ಬದಲಾಗಬಹುದು. ಹಳೆ ಕೊರಳ ಪಟ್ಟಿಗೆ ವಾಪಸ್ ಹೋಗುವುದು ನಿಮ್ಮ ಕುತ್ತಿಗೆಗೆ ಬೇಡ. ಮುಂದೆ ಯಾವತ್ತಾದರೂ ಬೈನಾಕ್ಯುಲರ್ ಬದಲಾಯಿಸುವ ಯೋಚನೆ ಬಂದರೆ 8×32 ಒಂದು ಸಲ ಕೈಯಲ್ಲಿ ಹಿಡಿದು ನೋಡಿ. ಸಾಮಾನ್ಯವಾಗಿ 450ರಿಂದ 600 ಗ್ರಾಂ ಇರುತ್ತದೆ, ನಡುಕವೂ ಕಡಿಮೆ.

ಸದ್ಯಕ್ಕೆ ಕಂಕುಳ ಪಟ್ಟಿ ಸಡಿಲ ಮಾಡಿ, ಇರುವ ಹಾರ್ನೆಸ್ ತೊಳೆದು ಒಣಗಿಸಿ, ಬಾಟಲಿ ಕಟ್ಟಿ ಪರೀಕ್ಷೆ ಮಾಡಿ. ಪಾಸಾದರೆ ಹೊಸ ಅಳತೆಯಲ್ಲಿ ಎರಡು ವಾರ ಬ್ಯಾಗ್ ಇಲ್ಲದೆ ಓಡಾಡಿ ನೋಡಿ. ಬ್ಯಾಗ್ ಬಿಟ್ಟ ಮೇಲೆ ಜೋಮು ನಿಂತರೆ ಎರಡು ಪಟ್ಟಿ ಸೇರಿ ಒತ್ತುತ್ತಿದ್ದವು ಅಂತ ಗೊತ್ತಾಗುತ್ತದೆ. ನಿಲ್ಲದಿದ್ದರೆ ವೈದ್ಯರ ಹತ್ತಿರ ಹೋಗುವುದನ್ನು ಮುಂದೂಡಬೇಡಿ. ಬೆನ್ನಿನ ಫೋಟೊದಲ್ಲಿ ಬಿಲ್ಲೆ ಸರಿಯಾದ ಜಾಗದಲ್ಲೇ ಇದ್ದು ಕುತ್ತಿಗೆ ಮಾತ್ರ ನೋಯುತ್ತಿದ್ದರೆ, ದಿನಕ್ಕೆ ಎಷ್ಟು ಹೊತ್ತು ತಲೆ ಎತ್ತಿ ನೋಡುತ್ತೀರಿ ಅಂತ ಲೆಕ್ಕ ಇಟ್ಟು ಮತ್ತೆ ಬರೆಯಿರಿ, ಅಲ್ಲಿಂದ ಮುಂದೆ ನೋಡೋಣ.